ಶೆಫರ್ ಅವರ ಪ್ಲಮ್ ಮರದ ಕಂಬಳಿಹುಳುಗಳ ವಿಚಾರ

ಹೆಸರು: ಲಿಯೊಂತೀನಾ ವಿಯೆಗಾಸ್, ದಿವಂಗತ ಓಲಿವಿಯೊ ವಿಯೆಗಾಸ್ ಅವರ ಪತ್ನಿ. ವಯಸ್ಸು: 69 ವರ್ಷ. ಉದ್ಯೋಗ: ಮನೆಯಲ್ಲೇ ಪೇರಲೆ ಮತ್ತು ಪೀಚ್ ಹಣ್ಣಿನ ಮಿಠಾಯಿ ಮಾಡಿ ಮಾರುವುದು. ವಿದ್ಯಾಭ್ಯಾಸ: ಹೈಸ್ಕೂಲು ಮುಗಿದಿದೆ. ವಿಳಾಸ: ಮನೆ ಸಂಖ್ಯೆ 114, ಪಿತಾಂಗಾ ಬೀದಿ, ಪಾಸ್ಸೊ ದಾ ಫಿಗೇಯ್ರಾ ಪಟ್ಟಣ, ರಿಯೊ ಗ್ರಾಂಡೆ ದೊ ಸುಲ್ ರಾಜ್ಯ, ಬ್ರೆಜಿಲ್.

ಮೇಲ್ಕಂಡ ನಾನು ಠಾಣೆಯಿಂದ ಬಂದ ಕರೆಯ ಮೇರೆಗೆ ಈ ದಿನ ಬೆಳಿಗ್ಗೆ ಖುದ್ದಾಗಿ ಹಾಜರಾಗಿ, ಯಾರ ಒತ್ತಾಯವೂ ಇಲ್ಲದೆ, ಕೇಳಿದ್ದಕ್ಕೂ ಕೇಳದಿದ್ದಕ್ಕೂ ಉತ್ತರವಾಗಿ ಈ ಮೂಲಕ ಬರೆಸುವುದೇನೆಂದರೆ:

ನಾನು ಮದುವೆಯಾಗಿ ಬಂದ ದಿನದಿಂದ ಇದೇ ಮನೆಯಲ್ಲಿ ವಾಸವಾಗಿದ್ದೇನೆ. ನನ್ನ ಹಿತ್ತಲಿನಲ್ಲಿ ಪೇರಲೆ, ಪೀಚ್, ಕಿತ್ತಳೆ ಮತ್ತು ಬೆಣ್ಣೆಹಣ್ಣಿನ ಮರಗಳಿವೆ. ನನ್ನ ಮೇಲೆ ದೂರು ಕೊಟ್ಟಿರುವ ಎಡ್ವಿನೊ ಶೆಫರ್ ನನ್ನ ಪಕ್ಕದ ಮನೆಯವರು. ಸಹಕಾರ ಸಂಘದ ಗೋದಾಮಿನಲ್ಲಿ ಸೋಯಾ ತೂಗಿಸುವ ಕೆಲಸದಲ್ಲಿದ್ದಾರೆ. ಅವರ ಪತ್ನಿಯ ಹೆಸರು ನೆಲ್ಸಿ. ಅವರ ಹಿತ್ತಲಿನಲ್ಲಿ ಎರಡು ಪ್ಲಮ್ ಮರಗಳಿವೆ. ಎರಡು ಹಿತ್ತಲುಗಳ ನಡುವೆ ತಂತಿಬೇಲಿ ಇದ್ದು ಅದರಲ್ಲಿ ಒಂದು ಸಣ್ಣ ಮರದ ಗೇಟು ಇದೆ. ಅದನ್ನು ನನ್ನ ಗಂಡ ಮತ್ತು ಎಡ್ವಿನೊ ಸೇರಿ ಕೂರಿಸಿದ್ದು. ಅಗುಳಿ ಅವರ ಕಡೆಗಿದೆ, ಆದರೆ ನನ್ನ ಕಡೆಯಿಂದ ಕೈ ಹಾಕಿದರೆ ತೆರೆಯುತ್ತದೆ. ದೂರಿನಲ್ಲಿ "ಗೇಟು ಮುರಿದು ಒಳನುಗ್ಗಿ" ಎಂದು ಬರೆದಿರುವುದು ಸುಳ್ಳು. ನಾನು ಅಗುಳಿ ತೆಗೆದು ಒಳಗೆ ಹೋದೆ, ಬರುವಾಗ ಹಾಕಿಕೊಂಡು ಬಂದೆ.

ಗಿಡಮರಗಳಿಗೆ ಬಿದ್ದ ಹುಳುವನ್ನು ನಾನು ಮಂತ್ರಿಸಿ ಕಳಿಸುತ್ತೇನೆ. ಇದು ಊರಿಗೆಲ್ಲ ಗೊತ್ತಿರುವ ವಿಷಯ. ಈ ಠಾಣೆಯಲ್ಲಿ ಹಿಂದೆ ಇದ್ದ ಅಧಿಕಾರಿಯ ತಾಯಿಯವರ ದ್ರಾಕ್ಷಿ ಚಪ್ಪರಕ್ಕೂ ನಾನೇ ಹೋಗಿದ್ದೆ. ಇದಕ್ಕೆ ಏನನ್ನೂ ತೆಗೆದುಕೊಳ್ಳುವುದಿಲ್ಲ. ಆದರೆ ಹುಳು ಕಂಡ ಕೂಡಲೇ ನನ್ನನ್ನು ಕರೆಯಿರಿ ಎಂದು ಯಾರಿಗೂ ಹೇಳಿಲ್ಲ. ಮೊದಲು ಕೈ ಕೆಲಸ ಮಾಡಬೇಕು. ಎಲೆಯಡಿ ಮೊಟ್ಟೆಯ ಗುಂಪು ಕಂಡರೆ ಎಲೆ ಸಮೇತ ಕಿತ್ತು ಸಾಬೂನು ನೀರಿಗೆ ಹಾಕಬೇಕು. ಚಳಿ ಕಳೆಯುವ ಹೊತ್ತಿಗೆ ಕಾಂಡಕ್ಕೆ ಸುಣ್ಣ ಬಳಿದಿರಬೇಕು. ಕಣಜದ ಗೂಡು ಕಂಡರೆ ಕೀಳಬಾರದು, ಕಣಜ ಹುಳುವನ್ನು ಹೊತ್ತೊಯ್ದು ಮರಿಗೆ ತಿನ್ನಿಸುತ್ತದೆ. ಇಷ್ಟಕ್ಕೂ ಬಗ್ಗದಿದ್ದರೆ ಹೊಗೆಸೊಪ್ಪು ನೆನೆಸಿದ ನೀರಿಗೆ ಸಾಬೂನು ಕದಡಿ, ಬಿಸಿಲು ಇಳಿದ ಮೇಲೆ, ಕಾಯಿ ಎಳೆಯದಾಗಿರುವಾಗಲೇ ಹೊಡೆಯಬೇಕು. ಹಣ್ಣು ಬಣ್ಣಕ್ಕೆ ತಿರುಗಿ ಇನ್ನು ಯಾವ ಮದ್ದೂ ಹೊಡೆಯುವಂತಿಲ್ಲ ಎಂದಾದಾಗ ನನ್ನ ಬಳಿಗೆ ಬರಬೇಕು. ಸೋಮಾರಿಗಳ ಮರಕ್ಕೆ ನಾನು ಹೋಗುವುದಿಲ್ಲ.

ಮಂತ್ರಿಸುವ ಕ್ರಮ ಹೀಗಿದೆ. ಹಿತ್ತಲಿನ ಮೂರು ಮೂಲೆಗಳಲ್ಲಿ ನಿಂತು ಪ್ರಾರ್ಥನೆ ಹೇಳಿ, ಪ್ರತಿ ಮೂಲೆಗೂ ನಾಗದಾಳಿ ಸೊಪ್ಪಿನ ಒಂದು ಕಡ್ಡಿ ನೆಟ್ಟು ಮುಚ್ಚಬೇಕು. ನಾಲ್ಕನೆಯ ಮೂಲೆಯನ್ನು ತೆರೆದು ಬಿಡಬೇಕು, ಹುಳು ಹೊರಡುವುದು ಅಲ್ಲಿಂದ. ದಾರಿ ಕೊಡದೆ ಹೋಗು ಎಂದರೆ ಹುಳು ಮಾತ್ರವಲ್ಲ, ಮನುಷ್ಯನೂ ಹೋಗುವುದಿಲ್ಲ. ಆಮೇಲೆ ಮುಂದಿನ ಶುಕ್ರವಾರದವರೆಗೆ ಮನೆಯವರು ಹುಳುವನ್ನು ಹೊಡೆಯಬಾರದು, ಅದರ ಹೆಸರು ಎತ್ತಬಾರದು, ಯಾರು ಕೇಳಿದರೂ ಅದರ ಬಗ್ಗೆ ಬಾಯಿ ಬಿಡಬಾರದು. ಬಾಯಿ ಬಿಟ್ಟರೆ ಹೊರಟ ಹುಳು ತನ್ನನ್ನು ಕರೆದರೆಂದು ತಿರುಗಿ ಬರುತ್ತದೆ. ಇದನ್ನು ನನಗೆ ಕಲಿಸಿದವರು ನನ್ನ ಅತ್ತೆ. ಪ್ರಾರ್ಥನೆಯ ಮಾತುಗಳನ್ನೂ ಬರೆಸಬೇಕೆಂದು ಬರೆದುಕೊಳ್ಳುತ್ತಿರುವ ಅಧಿಕಾರಿ ಕೇಳಿದರು. ಬರೆಸುವುದಿಲ್ಲ. ಅದನ್ನು ಶುಭ ಶುಕ್ರವಾರ ಬಿಟ್ಟು ಬೇರೆ ದಿನ ಇನ್ನೊಬ್ಬರ ಕಿವಿಗೆ ಹಾಕುವಂತಿಲ್ಲ, ಠಾಣೆಯ ಕಿವಿಗೂ ಹಾಕುವಂತಿಲ್ಲ.

ಇದೇ ಡಿಸೆಂಬರ್ ತಿಂಗಳ 6ನೇ ತಾರೀಖು ಶುಕ್ರವಾರ ಮಧ್ಯಾಹ್ನ ಸುಮಾರು 3 ಗಂಟೆಗೆ ನೆಲ್ಸಿ ಆ ಗೇಟಿನ ಹತ್ತಿರ ಬಂದು ನನ್ನನ್ನು ಕರೆದಳು. "ದೋನಾ ಲಿಯೊಂತೀನಾ, ನಮ್ಮೆಜಮಾನ್ರು ನಾಲ್ಕಕ್ಕೆಲ್ಲ ಬಂದ್ಬಿಡ್ತಾರೆ. ಅಷ್ಟರೊಳಗೆ ನಮ್ಮ ಪ್ಲಮ್ ಮರಕ್ಕೆ ಒಂದಿಷ್ಟು ಮಾಡಿಕೊಡಿ. ಎಲೆ ಎಲ್ಲ ಜರಡಿ ಆಗೋಗಿದೆ, ಹಣ್ಣು ಕೆಂಪಾಗೋಕೆ ಶುರುವಾಗಿದೆ" ಎಂದಳು. ಗಂಡನಿಗೆ ಹೇಳಿದ್ದೀಯಾ ಎಂದು ಕೇಳಿದೆ. "ಹೇಳಿದ್ರೆ ಪಾದ್ರಿ ಮುಂದೆ ನಿಲ್ಲಿಸ್ತಾರೆ. ಅವ್ರ ದೇವ್ರು ಹಾಡು ಮಾತ್ರ ಕೇಳೋದು, ಹುಳದ ವಿಷಯ ಕೇಳಲ್ಲ" ಎಂದಳು. ಶೆಫರ್ ಮನೆಯವರು ಲೂಥರನ್ ಚರ್ಚಿಗೆ ಹೋಗುವವರು. ಗಂಡನಿಗೆ ತಿಳಿಯದಂತೆ ಮಾಡುವ ಕೆಲಸಕ್ಕೆ ನಾನು ಸಾಮಾನ್ಯವಾಗಿ ಒಪ್ಪುವುದಿಲ್ಲ. ಆದರೆ ನನ್ನ ಗಂಡ ಹಾಸಿಗೆ ಹಿಡಿದಿದ್ದ ಕೊನೆಯ ವರ್ಷ ದಿನವೂ ಬೇಲಿಯ ಮೇಲಿಂದ ಸೂಪಿನ ಪಾತ್ರೆ ದಾಟಿಸಿದವಳು ನೆಲ್ಸಿ. ಆದ್ದರಿಂದ ಹೋದೆ.

ಎಲೆ ತಿಂದು ಹೋಗಿದ್ದನ್ನು, ನೆಲದ ಮೇಲೆ ಹುಳುವಿನ ಹಿಕ್ಕೆ ಉದುರಿದ್ದನ್ನು ನೋಡಿದೆ. ಮಾಮೂಲಿ ಎಲೆತಿನ್ನುವ ಹುಳು ಎಂದುಕೊಂಡೆ. ನೆಲ್ಸಿ ಗಡಿಯಾರ ನೋಡುತ್ತಲೇ ಇದ್ದಳು. ನಾನು ಮರದ ಸುತ್ತ ಬಂದು ಕಾಂಡದ ನೆರಳಿನ ಕಡೆಯನ್ನು ನೋಡಲಿಲ್ಲ. ಇದು ನಡೆದದ್ದು, ಆದ್ದರಿಂದ ಬರೆಸುತ್ತಿದ್ದೇನೆ.

ಮೂರು ಮೂಲೆಗಳನ್ನು ಮುಚ್ಚಿದೆ. ಒಂದು ಬೀದಿಯ ಕಡೆ, ಒಂದು ಶಿಶುವಿಹಾರದ ಕಡೆ, ಒಂದು ಹಿಂದಿನ ಮನೆಯ ಕೋಳಿಗೂಡಿನ ಕಡೆ. ತೆರೆದ ಮೂಲೆ ನನ್ನ ಹಿತ್ತಲಿನ ಕಡೆಗಿತ್ತು. ನಾನು ನನ್ನ ಹಿತ್ತಲಿನ ಹುಳುವನ್ನು ಅವರ ಮನೆಗೆ ಅಟ್ಟಿದ್ದೇನೆ ಎಂದು ದೂರಿನಲ್ಲಿದೆ. ಅವರ ಹುಳುವಿಗೆ ನನ್ನ ಮನೆಯ ದಾರಿ ತೋರಿಸಿದವಳು ನಾನು. ಕಳಿಸಿದ ಹುಳು ಎಲ್ಲಿಗಾದರೂ ಹೋಗಲೇಬೇಕು, ಮಂತ್ರಿಸಿದವಳ ಮನೆಗೆ ಹೋಗುವುದು ಮರ್ಯಾದೆ. ನನ್ನ ಸ್ವಂತ ಹಿತ್ತಲನ್ನು ಮಂತ್ರಿಸುವಾಗ ತೊರೆಯ ಕಡೆಯ ಪೊದೆಗೆ ತೆರೆಯುತ್ತೇನೆ, ನೆರೆಯವರ ಕಡೆಗೆ ಎಂದೂ ತೆರೆದಿಲ್ಲ. ಹೊರಡುವಾಗ ನೆಲ್ಸಿಗೆ ನಿಯಮ ಹೇಳಿದೆ. ಶುಕ್ರವಾರದವರೆಗೆ ಬಾಯಿಗೆ ಬೀಗ ಎಂದೆ. ಅವಳು ತುಟಿಗೆ ಕೈಯಿಟ್ಟು ತೋರಿಸಿ ನಕ್ಕಳು.

ದಿನಾಂಕ 9ರಂದು ಸೋಮವಾರ ಸಂಜೆ ನಾನು ಒಣಹಾಕಿದ್ದ ಬಟ್ಟೆ ತೆಗೆಯುವಾಗ ನೆಲ್ಸಿ ಬೇಲಿಯ ಆಚೆ ಬಲಗೈಗೆ ಒದ್ದೆ ಬಟ್ಟೆ ಸುತ್ತಿಕೊಂಡು ನಿಂತಿದ್ದಳು. ಏನಾಯಿತು ಎಂದು ಕೇಳಿದೆ. ಜಾಮ್ ಕುದಿಸುವಾಗ ಸುಟ್ಟುಕೊಂಡೆ ಎಂದಳು. ಅವಳ ಮನೆಯಿಂದ ಜಾಮಿನ ವಾಸನೆ ಬರುತ್ತಿದ್ದುದರಿಂದ ನಂಬಿದೆ. ಹಸಿ ಆಲೂಗಡ್ಡೆ ತುರಿದು ಕಟ್ಟು ಎಂದೆ. ಮಂಗಳವಾರ ಬೆಳಿಗ್ಗೆ 7 ಗಂಟೆಗೆ ಎಡ್ವಿನೊ ಅವಳನ್ನು ಪಿಕಪ್ ಗಾಡಿಯಲ್ಲಿ ಕೂರಿಸಿಕೊಂಡು ಹೋದದ್ದನ್ನು ಅಡುಗೆಮನೆಯ ಕಿಟಕಿಯಿಂದ ಕಂಡೆ. ಡಿಸೆಂಬರಿನ ಅಂಥ ಬೇಸಿಗೆಯ ಸೆಕೆಯಲ್ಲಿ ಅವಳು ಕಂಬಳಿ ಹೊದ್ದಿದ್ದಳು.

ದಿನಾಂಕ 11ರಂದು ಬುಧವಾರ ಬೆಳಿಗ್ಗೆ ಸುಮಾರು 10 ಗಂಟೆಗೆ ನಾನು ಸಂಜೆ ಪೇರಲೆ ಮರಗಳಿಗೆ ಹೊಡೆಯಲೆಂದು ಹೊಗೆಸೊಪ್ಪಿನ ನೀರನ್ನು ಸೋಸಿ ಬಕೆಟ್ಟಿಗೆ ತುಂಬಿದ್ದೆ. ಆಗ ಬೇಲಿಯ ಆಚೆಯಿಂದ ಎಡ್ವಿನೊ ಕೂಗಿದರು. ಆಸ್ಪತ್ರೆಯಿಂದ ನೆಲ್ಸಿಯ ಬಟ್ಟೆ ಒಯ್ಯಲು ಬಂದವರು ಹಿತ್ತಲಿಗೆ ಹೋಗಿ ನಾಗದಾಳಿ ಕಡ್ಡಿಗಳನ್ನು ಕಂಡಿದ್ದರು. ಒಂದು ಕಡ್ಡಿ ಅವರ ಕೈಯಲ್ಲಿತ್ತು.

"ಏನಿದು ನನ್ನ ಹಿತ್ತಲಲ್ಲಿ ಸೊಪ್ಪು ನೆಟ್ಟಿರೋದು? ಮೂರು ಮೂಲೆಗೆ ಸೊಪ್ಪು, ಒಂದು ಮೂಲೆ ಖಾಲಿ. ನಿನ್ನ ಹುಳ ಎಲ್ಲ ನಮ್ಮನೆಗೆ ಅಟ್ಟಿದ್ದೀಯಾ, ಮಾಟಗಾತಿ" ಎಂದರು.

ನಾನು, "ಮಂತ್ರದ ಮೇಲೆ ನಂಬಿಕೆ ಇಲ್ಲ ಅಂತೀಯ, ಹುಳ ಬಂದಿದ್ದು ಮಾತ್ರ ಮಂತ್ರದಿಂದ ಅಂತೀಯ. ಎರಡರಲ್ಲಿ ಒಂದು ಹೇಳು ಎಡ್ವಿನೊ" ಎಂದೆ.

"ಎರಡೂ ಹೇಳ್ತೀನಿ, ನನ್ನ ಮನೆ, ನನ್ನ ಬಾಯಿ. ಮರದ ತುಂಬ ಹುಳ ಇದೆ, ಬಂದು ನೋಡು. ಈಗ ಸುಟ್ಟು ಬೂದಿ ಮಾಡ್ತೀನಿ. ಬೇಕಾದ್ರೆ ಬೂದಿಗೂ ಮಂತ್ರ ಹಾಕು" ಎಂದರು.

ಅವರು ಒಂದು ಉದ್ದ ಕೋಲಿನ ತುದಿಗೆ ಗೋಣಿಬಟ್ಟೆ ಸುತ್ತಿ ಡೀಸೆಲ್ಲಿನಲ್ಲಿ ಅದ್ದಿಟ್ಟಿದ್ದರು. ನಾನು ಬೇಲಿಯ ಹತ್ತಿರ ಹೋಗಿ ನೋಡಿದೆ. ಪ್ಲಮ್ ಮರದ ಕಾಂಡ ನನ್ನ ಬೇಲಿಯಿಂದ ಸುಮಾರು ಮೂರು ಮೀಟರ್ ದೂರದಲ್ಲಿದೆ, ಅದರ ನೆರಳಿನ ಕಡೆ ನನ್ನ ಮನೆಗೆ ಮುಖ ಮಾಡಿದೆ. ಸೊಂಟದ ಎತ್ತರದಲ್ಲಿ ತೊಗಟೆಯ ಮೇಲೆ ಒಂದು ತಟ್ಟೆಯಗಲದ ಜಾಗ ಉಸಿರಾಡುತ್ತಿರುವಂತೆ ಕಂಡಿತು. ಕಂದು ಮತ್ತು ಹಸಿರು ಬಣ್ಣದ ಕಂಬಳಿಹುಳುಗಳು ಒಂದಕ್ಕೊಂದು ಒತ್ತಿಕೊಂಡು ಮಲಗಿದ್ದವು. ಮೈಮೇಲೆ ಕೂದಲಿರಲಿಲ್ಲ, ಪುಟ್ಟ ಪೈನ್ ಮರಗಳಂತೆ ಕವಲೊಡೆದ ಮುಳ್ಳುಗಳಿದ್ದವು.

ಅಕ್ಟೋಬರಿನಲ್ಲಿ ನಮ್ಮ ಚರ್ಚಿನ ಸಭಾಂಗಣಕ್ಕೆ ಆರೋಗ್ಯ ಕೇಂದ್ರದ ಕಾರ್ಯಕರ್ತೆ ಬಂದು ಇದೇ ಹುಳುವಿನ ಚಿತ್ರ ತೋರಿಸಿದ್ದರು. ಎಲೆಯ ಮೇಲೆ ಒಂದೊಂದಾಗಿ ತಿರುಗುವ ಹುಳು ಚುಚ್ಚಿದರೆ ಉರಿದು ಅಷ್ಟಕ್ಕೇ ನಿಲ್ಲುತ್ತದೆ, ಆದರೆ ಹಗಲು ಕಾಂಡದ ಮೇಲೆ ಗುಂಪಾಗಿ ಮಲಗುವ ಈ ಹುಳುವಿನ ವಿಷ ರಕ್ತ ಹೆಪ್ಪುಗಟ್ಟದಂತೆ ಮಾಡುತ್ತದೆ, ಮುಟ್ಟಿದವರು ಹುಳುವಿನ ಸಮೇತ ಆಸ್ಪತ್ರೆಗೆ ಬರಬೇಕು, ಸುಡಬಾರದು ಎಂದಿದ್ದರು. ನಾನು ಮೊದಲ ಸಾಲಿನಲ್ಲಿ ಕುಳಿತಿದ್ದೆ. ಎಡ್ವಿನೊ ಬಂದಿರಲಿಲ್ಲ, ಕ್ಯಾಥೊಲಿಕ್ ಚರ್ಚಿನ ಸಭಾಂಗಣಕ್ಕೆ ಅವರು ಕಾಲಿಡುವುದಿಲ್ಲ.

ನೆಲ್ಸಿಗೆ ಏನಾಗಿದೆ ಎಂದು ಕೇಳಿದೆ. ನಿನಗ್ಯಾಕೆ ಎಂದರು. ಮತ್ತೆ ಕೇಳಿದೆ. ಆಗ ಅವರ ದನಿ ಇಳಿಯಿತು. "ವಸಡಿಂದ ರಕ್ತ ನಿಲ್ತಾ ಇಲ್ಲ. ಮೈಯೆಲ್ಲ ನೀಲಿ ನೀಲಿ. ಮೂತ್ರ ಕಾಫಿ ಬಣ್ಣ. ಒಂದ್ಸಲ ಡೆಂಗಿ ಅಂತಾರೆ, ಒಂದ್ಸಲ ಮೂತ್ರಪಿಂಡದ ಕಲ್ಲು ಅಂತಾರೆ. ಬೆಳಗ್ಗೆ ನನ್ನ ಗುರುತು ಹಿಡಿಯೋಕೆ ಒಂದು ಗಳಿಗೆ ಬೇಕಾಯ್ತು ಅವಳಿಗೆ" ಎಂದರು.

"ಅವಳ ಕೈ ಸುಟ್ಟಿದ್ದು ಜಾಮಿಂದ ಅಲ್ಲ, ಈ ಹುಳದಿಂದ. ಆ ಕೋಲು ಕೆಳಗಿಡು. ಡಾಕ್ಟರಿಗೆ ತೋರಿಸೋಕೆ ಜೀವಂತ ಹುಳ ಬೇಕು" ಎಂದೆ.

"ಹುಳಾನ ಉಳಿಸೋಕೆ ಬಂದ್ಲು ನೋಡು. ಮೂವತ್ತು ವರ್ಷದಿಂದ ನೋಡ್ತಿದೀನಿ ನಿನ್ನ ನಾಟಕ" ಎಂದು ಹೇಳಿ ಕೋಲಿಗೆ ಬೆಂಕಿ ಹಚ್ಚಿ ಮರದ ಕಡೆ ನಡೆದರು.

ನಾನು ಬಕೆಟ್ ಎತ್ತಿಕೊಂಡು, ಅಗುಳಿ ತೆಗೆದು, ಅವರ ಹಿತ್ತಲಿಗೆ ಹೋಗಿ, ಉರಿಯುವ ಗೋಣಿಯ ಮೇಲೆ ನೀರು ಎರಚಿದೆ. ಬೆಂಕಿ ಆರಿತು. ದೂರಿನಲ್ಲಿ ವಿಷದ ನೀರನ್ನು ಮುಖಕ್ಕೆ ಗುರಿಯಿಟ್ಟು ಎರಚಿದಳು ಎಂದಿದೆ. ಅದು ವಿಷವಲ್ಲ, ಹೊಗೆಸೊಪ್ಪು ಮತ್ತು ಬಟ್ಟೆ ಸಾಬೂನು. ಮುಖಕ್ಕೆ ಗುರಿಯಿಡಲಿಲ್ಲ, ಅವರು ಆಗ ಬಗ್ಗಿದರು. ಅವರು ಕೆಮ್ಮುತ್ತಾ, ಕಣ್ಣು ಮುಚ್ಚಿಕೊಂಡು, ತಮ್ಮ ಹಿರಿಯರ ಜರ್ಮನ್ ಭಾಷೆಯಲ್ಲಿ ಬೈಯುತ್ತಾ ನಲ್ಲಿಯ ಹತ್ತಿರ ಕುಳಿತುಬಿಟ್ಟರು. ಬಾಯಿ ಮುಚ್ಚಿಕೊಂಡು ಕಣ್ಣು ತೊಳೆದುಕೋ ಎಂದು ಹೇಳಿದೆ. ಇದನ್ನೂ ಅವರು ದೂರಿನಲ್ಲಿ ಅವಮಾನ ಎಂದು ಸೇರಿಸಿದ್ದಾರೆ. ಆ ಮಾತು ಆಡಿದ್ದು ನಿಜ.

ಅಲ್ಲಿಂದ ನೆಲ್ಸಿಯ ಅಡುಗೆಮನೆಗೆ ಹೋಗಿ ಒಂದು ಇಕ್ಕಳವನ್ನೂ, ಕಿಟಕಿಯಲ್ಲಿ ತೊಳೆದು ಕವುಚಿ ಹಾಕಿದ್ದ ಜಾಮ್ ಬಾಟಲಿಗಳಲ್ಲಿ ಒಂದನ್ನೂ ತೆಗೆದುಕೊಂಡೆ. ಇಕ್ಕಳದಿಂದ ಐದಾರು ಹುಳುಗಳನ್ನು ಬಿಡಿಸಿ ಬಾಟಲಿಗೆ ಹಾಕಿ, ಮುಚ್ಚಳದಲ್ಲಿ ಚಾಕುವಿನ ಮೊನೆಯಿಂದ ತೂತು ಮಾಡಿದೆ. ಮುಷ್ಟಿಯಲ್ಲಿ ಹಿಡಿಯುವಷ್ಟು ಹಗುರವಾದ ವಸ್ತು, ಒಬ್ಬ ಹೆಂಗಸನ್ನು ಒಳಗಿನಿಂದ ಕರಗಿಸುತ್ತಿದೆ ಎಂದು ಅನ್ನಿಸಿತು. ಬರೆದುಕೊಳ್ಳುವ ಅಧಿಕಾರಿ ಈ ಜಾಗದಲ್ಲಿ "ಗಾಬರಿಯಿಂದ" ಎಂದು ಬರೆದಿದ್ದರು. ಹೊಡೆದು ಹಾಕಿಸಿದ್ದೇನೆ. ನಾನು ಗಾಬರಿಯಾಗಿರಲಿಲ್ಲ. ಉಳಿದ ಹುಳುಗಳನ್ನು ಮುಟ್ಟಬೇಡ, ಸುಡಬೇಡ, ಯಾರನ್ನೂ ಹತ್ತಿರ ಬಿಡಬೇಡ ಎಂದು ಎಡ್ವಿನೊಗೆ ಹೇಳಿ, ಆಸ್ಪತ್ರೆಗೆ ಗಾಡಿಯಲ್ಲಿ ಬಿಡು ಎಂದೆ. "ನರಕಕ್ಕೆ ಬಿಡ್ತೀನಿ" ಎಂದರು. ಅವರಿಗೆ ಇನ್ನೂ ಕಣ್ಣು ಕಾಣುತ್ತಿರಲಿಲ್ಲ.

ಬೀದಿಗೆ ಬಂದಾಗ ಬ್ರೆಡ್ ಮಾರುವ ಜುರಾಂದಿರನ ವ್ಯಾನು ಹಾರನ್ ಹೊಡೆಯುತ್ತಾ ಬರುತ್ತಿತ್ತು. ನಡುಬೀದಿಯಲ್ಲಿ ನಿಂತು ನಿಲ್ಲಿಸಿ ಮುಂದಿನ ಸೀಟಿನಲ್ಲಿ ಕುಳಿತೆ. ಆಸ್ಪತ್ರೆ ಅಲ್ಲಿಂದ ನಾಲ್ಕು ಕಿಲೋಮೀಟರ್. ಅವನು ಬಾಟಲಿ ನೋಡಿ, "ದೋನಾ, ಅದನ್ನ ನನ್ನ ಬ್ರೆಡ್ಡಿನ ಹತ್ರ ಇಡಬೇಡಿ" ಎಂದ. "ನಿನ್ನ ಬ್ರೆಡ್ಡಿಗಿಂತ ಇವೇ ಮೆತ್ತಗಿವೆ. ಓಡಿಸು" ಎಂದೆ. ಓಡಿಸಿದ. ಎರಡು ಕಡೆ ಗಿರಾಕಿಗಳು ಕೈ ಅಡ್ಡ ಹಿಡಿದರೂ ನಿಲ್ಲಿಸಲಿಲ್ಲ. ಬೇಕಾದರೆ ಅವನನ್ನು ಸಾಕ್ಷಿಯಾಗಿ ಕರೆಸಬಹುದು.

ಆಸ್ಪತ್ರೆಯ ಮುಂಭಾಗದಲ್ಲಿ ಕುಳಿತಿದ್ದ ಹುಡುಗಿ ಭೇಟಿಯ ಸಮಯ ಮೂರು ಗಂಟೆಗೆ ಎಂದು ಹೇಳಿದಳು. ನಾನು ಬಾಟಲಿಯನ್ನು ಅವಳ ಮೇಜಿನ ಮೇಲಿಟ್ಟು, "ಹಾಗಾದ್ರೆ ಮೂರರವರೆಗೆ ಇದನ್ನ ನೀನೇ ಇಟ್ಕೊ ಮಗಳೇ, ಮುಚ್ಚಳ ಸ್ವಲ್ಪ ಸಡಿಲ" ಎಂದೆ. ಅವಳು ಎದ್ದು ಓಡಿಹೋಗಿ ಡಾಕ್ಟರ್ ತಾಯ್ಸಾ ಅವರನ್ನು ಕರೆತಂದಳು. ಡಾಕ್ಟರ್ ಬಾಟಲಿಯನ್ನು ಬೆಳಕಿಗೆ ಹಿಡಿದು ನೋಡಿ, ಇದು ಯಾವ ಮರದ್ದು ಎಂದು ಕೇಳಿದರು. ಹೇಳಿದೆ. ನೆಲ್ಸಿಯ ರಕ್ತ ಗಾಜಿನ ನಳಿಕೆಯಲ್ಲಿ ಹೆಪ್ಪುಗಟ್ಟುತ್ತಿಲ್ಲ, ಕಾರಣ ತಿಳಿಯುತ್ತಿಲ್ಲ, ಈ ವಿಷ ಇಳಿಸುವ ಸೀರಮ್ ಇರುವುದು ಜಿಲ್ಲಾ ಆಸ್ಪತ್ರೆಯಲ್ಲಿ ಮಾತ್ರ, ಇರುವುದೇ ಕೆಲವು ಸೀಸೆ, ರೋಗಿ ಹುಳುವನ್ನು ಮುಟ್ಟಿದ್ದು ಖಚಿತವಾದರೆ ಈಗಲೇ ಸಾಗಿಸಬಹುದು ಎಂದರು. ಆಮೇಲೆ, "ಆದ್ರೆ ನಿನ್ನೆಯಿಂದ ಮೂರು ಸಲ ಕೇಳಿದೀನಿ, ಯಾವ್ದಾದ್ರೂ ಹುಳ ಮುಟ್ಟಿತಾ ಅಂತ. ಮೂರು ಸಲಾನೂ ಇಲ್ಲ ಅಂದಿದಾರೆ" ಎಂದರು.

ನಾವು ನೆಲ್ಸಿಯ ಹಾಸಿಗೆಯ ಬಳಿಗೆ ಹೋದೆವು. ಅವಳ ತುಟಿಯ ಅಂಚಿನಲ್ಲಿ ರಕ್ತ ಒಣಗಿತ್ತು. ಸೂಜಿ ಚುಚ್ಚಿದ ಕಡೆಯಲ್ಲೆಲ್ಲ ಮಾಗಿದ ಪ್ಲಮ್ ಹಣ್ಣಿನ ಬಣ್ಣ ಹರಡಿತ್ತು. ಡಾಕ್ಟರ್ ಬಾಟಲಿ ತೋರಿಸಿ, ಇದನ್ನು ಮುಟ್ಟಿದಿರಾ ಎಂದು ಕೇಳಿದರು. ನೆಲ್ಸಿ ತಲೆಯಾಡಿಸಿ ಇಲ್ಲವೆಂದಳು, ಮುಖವನ್ನು ಗೋಡೆಯ ಕಡೆ ತಿರುಗಿಸಿಕೊಂಡಳು. ತಿರುಗಿಸುವ ಮೊದಲು ಒಮ್ಮೆ ನನ್ನನ್ನು ನೋಡಿದಳು.

ಆಗ ನನಗೆ ತಿಳಿಯಿತು. ಅವಳು ಡಾಕ್ಟರಿಗೆ ಸುಳ್ಳು ಹೇಳುತ್ತಿರಲಿಲ್ಲ. ನನ್ನ ಮಾತು ನಡೆಸುತ್ತಿದ್ದಳು.

ನಾನು ಹಾಸಿಗೆಯ ಅಂಚಿನಲ್ಲಿ ಕುಳಿತು, ಬಾಯಿ ಬಿಟ್ಟು ಹೇಳು ಎಂದೆ.

"ಶುಕ್ರವಾರ ಇನ್ನೂ ಬಂದಿಲ್ಲ ದೋನಾ" ಎಂದಳು. ದನಿ ಕೇಳಲು ಬಗ್ಗಬೇಕಾಯಿತು.

"ನಾನು ಹೇಳ್ತಿದೀನಿ, ಇವತ್ತೇ ಶುಕ್ರವಾರ" ಎಂದೆ.

"ಇವತ್ತು ಬುಧವಾರ."

"ಕಟ್ಟು ಹಾಕ್ದೋಳು ನಾನು. ವಾರ ಯಾವುದು ಅಂತ ನಾನು ಹೇಳ್ತೀನಿ, ನೀನು ಕೇಳು."

"ಹೆಸರೆತ್ತಿದ್ರೆ ತಿರುಗಿ ಬರ್ತಾವೆ ಅಂದಿದ್ರಿ. ಇಷ್ಟು ವರ್ಷ ಆದ್ಮೇಲೆ ಈ ಸಲಾನೇ ಮರ ಹೀಗೆ ಹಣ್ಣು ಹಿಡಿದಿರೋದು. ನಮ್ಮೆಜಮಾನ್ರಿಗೆ ಹಬ್ಬಕ್ಕೆ ಪ್ಲಮ್ ಕೇಕ್ ಮಾಡೋಣ ಅಂತಿದ್ದೆ" ಎಂದಳು.

"ಬಂದ್ರೆ ನನ್ನ ಹಿತ್ತಲಿಗೆ ಬರ್ತಾವೆ, ನಿನ್ನ ಕಡೆ ಬರಲ್ಲ. ಮೂಲೆ ತೆರೆದಿರೋದು ಅಲ್ಲಿಗೆ. ನನ್ನ ಮರ ತಿನ್ಲಿ. ನೀನು ಹೇಳು" ಎಂದೆ.

ನನ್ನ ಅತ್ತೆ ಕಲಿಸಿದ್ದರಲ್ಲಿ ಕಟ್ಟುವ ಪ್ರಾರ್ಥನೆ ಇದೆ, ನಡುವೆ ಬಿಚ್ಚುವ ಪ್ರಾರ್ಥನೆ ಇಲ್ಲ. ಆದ್ದರಿಂದ ಬರಿಯ ಮಾತಿನಿಂದ ಬಿಚ್ಚಿದೆ. ಅವಳ ಕೈ ಹಿಡಿದುಕೊಂಡು, ಡಾಕ್ಟರ್ ಮತ್ತು ದಾದಿಯ ಎದುರಿಗೆ, ನಿನ್ನ ಬಾಯಿಯ ಕಟ್ಟು ಬಿಚ್ಚಿದ್ದೇನೆ ಎಂದೆ. ನೆಲ್ಸಿ ಡಾಕ್ಟರ ಕಡೆ ತಿರುಗಿ, ಸೋಮವಾರ ಮಧ್ಯಾಹ್ನ ಹಣ್ಣು ಕೀಳಲು ಮೇಲಿನ ಕೊಂಬೆ ಬಗ್ಗಿಸುವಾಗ ಆಸರೆಗೆ ಕಾಂಡದ ಮೇಲೆ ಅಂಗೈ ಊರಿದೆ, ಕಾದ ಕಬ್ಬಿಣದ ಮೇಲೆ ಇಟ್ಟಂತಾಯಿತು, ಕೈ ತೆಗೆದಾಗ ಎರಡು ಹುಳು ಅಂಗೈಗೆ ಅಂಟಿಕೊಂಡಿದ್ದವು ಎಂದು ಹೇಳಿದಳು. ಡಾಕ್ಟರ್ ಅವಳು ಮುಗಿಸುವ ಮೊದಲೇ ಫೋನಿನಲ್ಲಿ ಆಂಬುಲೆನ್ಸಿಗೆ ಹೇಳುತ್ತಿದ್ದರು.

ಎಡ್ವಿನೊ ಆಗ ಬಾಗಿಲಲ್ಲಿ ನಿಂತಿದ್ದರು. ಅವರ ಅಂಗಿ ಒದ್ದೆಯಾಗಿ ಹೊಗೆಸೊಪ್ಪು ನಾರುತ್ತಿತ್ತು. ಠಾಣೆ ಆಸ್ಪತ್ರೆಯ ದಾರಿಯಲ್ಲೇ ಇರುವುದರಿಂದ ಅವರು ಬರುವಾಗಲೇ ದೂರು ಬರೆಸಿ ಬಂದಿದ್ದರು, ಇದು ನನಗೆ ಆಮೇಲೆ ತಿಳಿಯಿತು. ನೆಲ್ಸಿ ಹೇಳಿದ್ದನ್ನು ಅವರು ಎಷ್ಟು ಕೇಳಿಸಿಕೊಂಡರೋ ಗೊತ್ತಿಲ್ಲ. ನನ್ನೊಂದಿಗೆ ಮಾತಾಡಲಿಲ್ಲ. ಸ್ಟ್ರೆಚರ್ ಹೊರಗೆ ತರುವಾಗ ಅದರ ಒಂದು ಕಡೆ ಅವರು ಹಿಡಿದರು, ಇನ್ನೊಂದು ಕಡೆ ನಾನು ಹಿಡಿದೆ. ಜಿಲ್ಲಾ ಆಸ್ಪತ್ರೆ ಸುಮಾರು 70 ಕಿಲೋಮೀಟರ್ ದೂರ. ಅದೇ ದಿನ ಸಂಜೆಯ ಒಳಗೆ ಸೀರಮ್ ಕೊಟ್ಟರು. ಎರಡು ದಿನ ಏನೂ ಹೇಳುವಂತಿಲ್ಲ ಎಂದರು. ಆ ಎರಡು ದಿನ ನಾನು ಮಿಠಾಯಿ ಮಾಡಲಿಲ್ಲ. ಶುಕ್ರವಾರ ಮಧ್ಯಾಹ್ನ ಡಾಕ್ಟರ್ ತಾಯ್ಸಾ ನನ್ನ ಮನೆಗೆ ಫೋನ್ ಮಾಡಿ, ವಸಡಿನ ರಕ್ತ ನಿಂತಿದೆ, ಮೂತ್ರಪಿಂಡ ಕೆಲಸ ಮಾಡುತ್ತಿದೆ ಎಂದು ತಿಳಿಸಿದರು.

ಕಳವಾದ ವಸ್ತುಗಳ ಬಗ್ಗೆ ಕೇಳಿದ್ದಕ್ಕೆ ಉತ್ತರ: ಇಕ್ಕಳವನ್ನು ತೊಳೆದು ನೆಲ್ಸಿಯ ಅಡುಗೆಮನೆಯಲ್ಲಿ ಅದು ಇದ್ದ ಮೊಳೆಗೇ ನೇತುಹಾಕಿದ್ದೇನೆ. ಬಾಟಲಿ ಮತ್ತು ಹುಳುಗಳನ್ನು ಹಿಂದಿರುಗಿಸಲು ಸಾಧ್ಯವಿಲ್ಲ. ಬುಧವಾರ ಮಧ್ಯಾಹ್ನವೇ ಆರೋಗ್ಯ ಕೇಂದ್ರದವರು ಕೈಗವಸು ಹಾಕಿಕೊಂಡು ಬಂದು ಮರದ ಮೇಲೆ ಉಳಿದ ಹುಳುಗಳನ್ನೂ ಜೀವಂತ ಹಿಡಿದು, ಎಲ್ಲವನ್ನೂ ಸಾವೊ ಪಾಲೊಗೆ ಕಳಿಸಿದ್ದಾರೆ. ಅಲ್ಲಿ ಇವುಗಳ ಮುಳ್ಳಿನಿಂದಲೇ ಸೀರಮ್ ತಯಾರಾಗುತ್ತದೆ. ನೆಲ್ಸಿಗೆ ಕೊಟ್ಟ ಸೀರಮ್ ಕೂಡ ಎಲ್ಲೋ ಯಾರದೋ ಹಿತ್ತಲಿನ ಮರದಿಂದ ಸುಡದೆ ಹಿಡಿದು ಕಳಿಸಿದ ಹುಳುಗಳಿಂದ ಬಂದದ್ದು. ಅವರು ಯಾರೆಂದು ನನಗೆ ಗೊತ್ತಿಲ್ಲ. ಅವರ ಹಿತ್ತಲು ಚೆನ್ನಾಗಿರಲಿ.

ಠಾಣೆಯ ಅಧಿಕಾರಿಗಳು ನನಗೆ ಎರಡು ಸಲಹೆ ಕೊಟ್ಟರು. ಮಂತ್ರಿಸುವುದೆಲ್ಲ ಸುಮ್ಮನೆ ಜನರ ಸಮಾಧಾನಕ್ಕೆ, ಅದರಲ್ಲಿ ಏನೂ ಇಲ್ಲ ಎಂದು ಒಂದು ಸಾಲು ಬರೆಸಿದರೆ ಹುಳು ಅಟ್ಟಿದ ಆರೋಪ ತಾನಾಗಿ ಬಿದ್ದುಹೋಗುತ್ತದೆ ಎಂಬುದು ಮೊದಲನೆಯದು. ಬರೆಸುವುದಿಲ್ಲ. ಏನೂ ಇಲ್ಲದ ಮಾತಿಗೆ ಒಬ್ಬ ಹೆಂಗಸು ಸಾಯುವವರೆಗೆ ಬಾಯಿ ಮುಚ್ಚಿಕೊಂಡು ಮಲಗುವುದಿಲ್ಲ. ನನ್ನ ಮಾತಿಗೆ ಬಲವಿದೆ, ಅದು ಹುಳುವಿನ ಮೇಲೆ ನಡೆಯುತ್ತದೋ ಇಲ್ಲವೋ ಎಂದು ಪೊಲೀಸರು ತನಿಖೆ ಮಾಡಲಿ, ಮನುಷ್ಯರ ಮೇಲೆ ನಡೆಯುತ್ತದೆ ಎಂಬುದನ್ನು ನಾನು ಕಣ್ಣಾರೆ ಕಂಡಿದ್ದೇನೆ.

ಎರಡನೆಯದು, ಇನ್ನು ಮುಂದೆ ಯಾರ ಹಿತ್ತಲನ್ನೂ ಮಂತ್ರಿಸುವುದಿಲ್ಲ ಎಂದು ಮುಚ್ಚಳಿಕೆ ಬರೆದುಕೊಡುವುದು. ಅದನ್ನೂ ಕೊಡುವುದಿಲ್ಲ. ಬದಲಿಗೆ ನಾನಾಗಿಯೇ ಇದನ್ನು ಬರೆಸುತ್ತೇನೆ: ಇನ್ನು ಮುಂದೆ ಯಾವ ಹಿತ್ತಲಿಗೆ ಹೋದರೂ ಪ್ರತಿ ಮರವನ್ನು ಮನೆಯವರ ಜೊತೆ ಸುತ್ತು ಬಂದು ಕಾಂಡದ ನೆರಳಿನ ಕಡೆ ನೋಡುತ್ತೇನೆ. ಗುಂಪಾಗಿ ಮಲಗಿದ ಹುಳು ಕಂಡರೆ ಪ್ರಾರ್ಥನೆ ಹೇಳುವುದಿಲ್ಲ, ಆರೋಗ್ಯ ಕೇಂದ್ರದವರನ್ನು ಕರೆಸುತ್ತೇನೆ. ಮೌನದ ನಿಯಮ ಡಾಕ್ಟರ ಎದುರಿಗೆ ನಡೆಯುವುದಿಲ್ಲ ಎಂದು ಮೊದಲೇ ಹೇಳುತ್ತೇನೆ. ಇದು ಅತ್ತೆಯವರ ಕ್ರಮದಲ್ಲಿ ಇಲ್ಲದ್ದು. ನಾನು ಸೇರಿಸಿದ್ದೇನೆ. ಸೇರಿಸುವ ವಯಸ್ಸು ನನಗಾಗಿದೆ.

ಈ ಹೇಳಿಕೆ ಬರೆಸುತ್ತಿರುವಾಗ ಎಡ್ವಿನೊ ಶೆಫರ್ ಠಾಣೆಯ ಒಳಗೆ ಬಂದರು. ಅಧಿಕಾರಿಗಳು ನನ್ನ ಎದುರಿನಲ್ಲೇ ಅವರನ್ನು, ಹೆಂಡತಿ ಉಳಿದಿದ್ದಾರೆ, ದೂರು ಹಿಂದಕ್ಕೆ ತೆಗೆದುಕೊಳ್ಳುತ್ತೀರಾ ಎಂದು ಕೇಳಿದರು. "ಯಾಕೆ ತಗೋಬೇಕು? ಬಕೆಟ್ ಎರಚಿದ್ದು ಸುಳ್ಳಾ? ನನ್ನ ಅಂಗಿ ಇನ್ನೂ ನಾರ್ತಿದೆ. ಬರೆದಿದ್ದು ಬರೆದ ಹಾಗೇ ಇರ್ಲಿ" ಎಂದರು. ಈ ವಿಷಯದಲ್ಲಿ ಅವರು ಹೇಳಿದ್ದು ಸರಿ. ನಡೆದದ್ದು ಬರಹದಲ್ಲಿರಬೇಕು. ಗೇಟಿನ ಸಾಲು ಮಾತ್ರ ತೆಗೆಸಬೇಕು ಎಂದೆ. ಅವರು ಸ್ವಲ್ಪ ಯೋಚಿಸಿ ಒಪ್ಪಿದರು.

ಆಮೇಲೆ ನನ್ನ ಕಡೆ ತಿರುಗಿ, "ಎಷ್ಟೊತ್ತು ಬರೆಸ್ತೀಯ ಇನ್ನೂ? ಹನ್ನೆರಡಕ್ಕೆ ಅವಳನ್ನ ಮನೆಗೆ ಕಳಿಸ್ತಾರೆ. ಬಟ್ಟೆ ಯಾವುದು ಒಯ್ಯಬೇಕು ಅಂತ ನನಗೆ ಗೊತ್ತಾಗ್ಲಿಲ್ಲ, ಕಪಾಟಲ್ಲಿ ಇದ್ದಿದ್ದನ್ನೆಲ್ಲ ಗಾಡಿಗೆ ಹಾಕಿದೀನಿ. ನೀನೇ ಬಂದು ಆರಿಸು" ಎಂದರು. ನೆಲ್ಸಿ ನನ್ನನ್ನು ಕರೆತರಲು ಹೇಳಿದ್ದಾಳೆಯೇ ಎಂದು ಕೇಳಿದೆ. "ಅವಳು ಹೇಳಿದ್ರೇನು, ನಾನು ಹೇಳಿದ್ರೇನು" ಎಂದು ಹೇಳಿ ಹೊರಗೆ ಹೋದರು. ಈಗ ಠಾಣೆಯ ಎದುರಿಗೆ ಗಾಡಿಯ ಇಂಜಿನ್ ಚಾಲೂ ಇಟ್ಟುಕೊಂಡು ಕಾಯುತ್ತಿದ್ದಾರೆ. ಪಕ್ಕದ ಸೀಟಿನ ಬಾಗಿಲನ್ನು ತೆರೆದಿಟ್ಟಿದ್ದಾರೆ. ಆದ್ದರಿಂದ ಈ ಹೇಳಿಕೆಯನ್ನು ಇಲ್ಲಿಗೆ ನಿಲ್ಲಿಸುತ್ತಿದ್ದೇನೆ.

ಇದನ್ನು ನನ್ನ ಕನ್ನಡಕ ಹಾಕಿಕೊಂಡು ನಾನೇ ಓದಿದ್ದೇನೆ, ಎರಡು ಕಡೆ ತಿದ್ದಿಸಿದ್ದೇನೆ. ಬರೆದಿರುವುದು ನಾನು ಹೇಳಿದ್ದೇ, ನಾನು ಹೇಳಿರುವುದು ನಡೆದದ್ದೇ.

ಸ್ಥಳ: ಪೊಲೀಸ್ ಠಾಣೆ, ಪಾಸ್ಸೊ ದಾ ಫಿಗೇಯ್ರಾ
ದಿನಾಂಕ: 17 ಡಿಸೆಂಬರ್ 2019, ಮಂಗಳವಾರ, ಬೆಳಿಗ್ಗೆ 9 ಗಂಟೆ 40 ನಿಮಿಷ

(ಸಹಿ) ಲಿಯೊಂತೀನಾ ವಿಯೆಗಾಸ್